ಬೆಲ್ಲದ ಹದವೇ ಚಿತ್ರದ ವೇಗ: ನನ್ನ ಅನುಭವ

ಕಥೆಯಿಲ್ಲದ, ಮಾತಿಲ್ಲದ ಪ್ರಾಯೋಗಿಕ ಚಿತ್ರಗಳಿಗೆ ಹಣ ಹಾಕುವವರು ಮಂಡ್ಯದಲ್ಲಿ ಸಿಗುವುದಿಲ್ಲ. ಮದುವೆ, ಗೃಹಪ್ರವೇಶಗಳ ವಿಡಿಯೊ ತೆಗೆದು ಸಂಸಾರ ನಡೆಸುವ ನನಗೆ, ಮುಹೂರ್ತಗಳೇ ಇಲ್ಲದ ಆಷಾಢ ಮಾಸ ಸ್ವಂತ ಚಿತ್ರಕ್ಕೆ ಮೀಸಲು. ದುಡಿಮೆಯ ಹಣದಿಂದಲೇ ಫಿಲ್ಮ್ ಕೊಳ್ಳುವುದರಿಂದ ಯಾರ ಒಪ್ಪಿಗೆಗೂ ಕಾಯಬೇಕಿಲ್ಲ.

ನನ್ನದು ಕೀಲಿ ಕೊಟ್ಟು ಓಡಿಸುವ ಹಳೆಯ 16 ಮಿ.ಮೀ. ಬೊಲೆಕ್ಸ್ ಕ್ಯಾಮೆರಾ. ನೂರು ಅಡಿಯ ಸುರುಳಿಯು ಸೆಕೆಂಡಿಗೆ 24 ಚೌಕಟ್ಟುಗಳ (ಫ್ರೇಮ್‌ಗಳ) ವೇಗದಲ್ಲಿ ಸುಮಾರು ಎರಡೂಮುಕ್ಕಾಲು ನಿಮಿಷಕ್ಕೆ ಮುಗಿದುಹೋಗುತ್ತದೆ. ಆದರೆ ಈ ಕ್ಯಾಮೆರಾದಲ್ಲಿ ಒಂದೊಂದೇ ಚೌಕಟ್ಟನ್ನೂ ತೆಗೆಯಬಹುದು. ಊರ ಹತ್ತಿರದ ಆಲೆಮನೆಯಲ್ಲಿ ಕಬ್ಬಿನ ಹಾಲು ಕುದಿಯುವುದನ್ನು ಐದು ಸೆಕೆಂಡಿಗೊಂದು ಚೌಕಟ್ಟಿನಂತೆ ತೆಗೆದಾಗ ಎರಡು ಗಂಟೆಯ ಕುದಿತ ತೆರೆಯ ಮೇಲೆ ಒಂದು ನಿಮಿಷಕ್ಕೆ ಇಳಿಯಿತು.

ಎಲ್ಲಿಯವರೆಗೆ ಹೀಗೆ ಓಡಿಸಬೇಕೆಂಬುದನ್ನು ನಿರ್ಧರಿಸಿದವರು ಬೆಲ್ಲ ಬೇಯಿಸುವ ಹಿರಿಯರು. ಅವರು ಸೌಟಿನಿಂದ ಒಂದಿಷ್ಟು ಪಾಕವನ್ನು ತಣ್ಣೀರಿಗೆ ಬಿಟ್ಟು, ಬೆರಳಲ್ಲಿ ಉಂಡೆಕಟ್ಟಿ ನೋಡಿ, "ಹದ ಬತ್ತಾ ಐತೆ, ಇನ್ನು ಗುಳ್ಳೆ ನಿಧಾನ ಆಯ್ತದೆ, ನೋಡ್ತಾ ಇರಪ್ಪಾ" ಎಂದರು. ಆ ಕ್ಷಣದಿಂದ ಕೊಪ್ಪರಿಗೆ ಇಳಿಸುವವರೆಗೆ ನಾನು ಸಹಜ ವೇಗದಲ್ಲಿ, ಕೀಲಿ ಮುಗಿದಂತೆಲ್ಲ ಮತ್ತೆ ತಿರುಗಿಸುತ್ತ ಚಿತ್ರಿಸಿದೆ. ಅದುವರೆಗೆ ಧಾವಿಸುತ್ತಿದ್ದ ನೊರೆ ಒಮ್ಮೆಲೇ ಭಾರವಾಗಿ, ನಿಧಾನವಾಗಿ ಉಬ್ಬಿ ಒಡೆಯುವುದೇ ಇಡೀ ಚಿತ್ರದಲ್ಲಿ ನಡೆಯುವ ಏಕೈಕ ಘಟನೆ. ಕೆಲಸಗಾರನ ಕಣ್ಣಿಗೆ ಕಂಡ ತಿರುವೇ ಚಿತ್ರದ ತಿರುವೂ ಆಗಬೇಕೆಂಬುದು ನನ್ನ ದೃಢ ನಂಬಿಕೆ.

ಕಪ್ಪುಬಿಳುಪು ಫಿಲ್ಮನ್ನು ನಾನೇ ಮನೆಯಲ್ಲಿ ಕಾಫಿಯಿಂದ ಸಂಸ್ಕರಿಸುತ್ತೇನೆ. ಇನ್‌ಸ್ಟಂಟ್ ಕಾಫಿ ಪುಡಿ, ಬಟ್ಟೆ ಸೋಡಾ, ವಿಟಮಿನ್ ಸಿ ಇವು ಮೂರನ್ನು ನೀರಿನಲ್ಲಿ ಕರಗಿಸುತ್ತೇನೆ. ಕಾಫಿ, ಸೋಡಾಗಳ ಮೂಲ ವಿಧಾನವನ್ನು 1995ರಲ್ಲಿ ಅಮೆರಿಕದ ರೋಚೆಸ್ಟರ್ ತಾಂತ್ರಿಕ ಸಂಸ್ಥೆಯಲ್ಲಿ ರೂಪಿಸಿದರು; ವಿಟಮಿನ್ ಸಿ ಸೇರಿದ್ದು ಆಮೇಲೆ. ಕಾಫಿಯಲ್ಲಿರುವ ಕೆಫೀಕ್ ಆಮ್ಲವು ಬೆಳಕು ತಾಗಿದ ಬೆಳ್ಳಿಯ ಲವಣವನ್ನು ಬೆಳ್ಳಿಯಾಗಿಸುತ್ತದೆ. ಆಮೇಲೆ ಹೈಪೊ ದ್ರಾವಣದಲ್ಲಿ ಅದ್ದಿ ಚಿತ್ರವನ್ನು ಸ್ಥಿರಗೊಳಿಸಬೇಕು. ವಾಸನೆ ಮನೆಯವರಿಗೆ ಸಹಿಸಲಾಗದಷ್ಟು ಘಾಟು. ಬಕೆಟ್ಟಿನೊಳಗೆ ಸುರುಳಿ ಎಲ್ಲ ಕಡೆ ಸಮನಾಗಿ ನೆನೆಯದ ಕಾರಣ ಅಲ್ಲಲ್ಲಿ ಉಳಿಯುವ ಕಲೆಗಳು ಆಲೆಮನೆಯ ಹೊಗೆಗೆ ಚೆನ್ನಾಗಿ ಹೊಂದಿಕೊಂಡವು.

ಚಿತ್ರೋತ್ಸವಗಳ ಅರ್ಜಿಗಳಲ್ಲಿ ಕಥಾಸಾರಾಂಶ ಬರೆಯಲೇಬೇಕಾದ ಜಾಗವಿರುತ್ತದೆ. ಅಲ್ಲಿ ನಾನು ಏನನ್ನು, ಯಾವ ವೇಗದಲ್ಲಿ ಚಿತ್ರಿಸಿದೆ, ಯಾವುದರಲ್ಲಿ ತೊಳೆದೆ ಎಂದಷ್ಟೇ ಬರೆದು ಕಳಿಸುತ್ತೇನೆ.