ಹಿಂದಿನ ಡ್ರಮ್ ಬ್ರೇಕಿನ ಸಿಲಿಂಡರ್ ನಾನೇ ಬದಲಾಯಿಸಿದ್ದು

ಬ್ರೇಕ್ ಆಯಿಲ್ ಡಬ್ಬಿಯಲ್ಲಿ ಮಟ್ಟ ಇಳಿದಿದ್ದರೆ ಸುಮ್ನೆ ಮೇಲಿಂದ ತುಂಬಿಸಿ ಬಾನೆಟ್ ಮುಚ್ಚಬೇಡಿ. ಎಂಜಿನ್ ಆಯಿಲ್ ಹಾಗೆ ಇದು ಉರಿದು ಖರ್ಚಾಗುವಂಥದ್ದಲ್ಲ. ಮಟ್ಟ ಇಳಿಯುವುದಕ್ಕೆ ಎರಡೇ ಕಾರಣ. ಡಿಸ್ಕ್ ಬ್ರೇಕಿನ ಪ್ಯಾಡ್, ಡ್ರಮ್ ಬ್ರೇಕಿನ ಶೂ ಸವೆದಂತೆ ಪಿಸ್ಟನ್‌ಗಳು ಹೊರಗೆ ಸರಿಯುತ್ತವೆ, ಅವು ಬಿಟ್ಟ ಜಾಗಕ್ಕೆ ಆಯಿಲ್ ಇಳಿಯುತ್ತದೆ. ಇದು ತಿಂಗಳುಗಟ್ಟಲೆ ನಿಧಾನವಾಗಿ ಆಗುತ್ತದೆ. ಇಲ್ಲವೇ ಎಲ್ಲೋ ಸೋರುತ್ತಿದೆ. ನನ್ನ ಕಾರಿನ ಮುಂದಿನ ಪ್ಯಾಡ್‌ಗಳು ಹೆಚ್ಚುಕಮ್ಮಿ ಹೊಸವು. ಆದರೂ ಮೇಲಿನ ಗೆರೆಯಲ್ಲಿದ್ದ ಆಯಿಲ್ ಕೆಲವೇ ವಾರಗಳಲ್ಲಿ ಕೆಳಗಿನ ಗೆರೆಗೆ ಬಂದಿತ್ತು. ಸೋರಿಕೆ ಅನ್ನುವುದರಲ್ಲಿ ಅನುಮಾನ ಇರಲಿಲ್ಲ, ಎಲ್ಲಿ ಅಂತ ಹುಡುಕಬೇಕಿತ್ತು.

ಹುಡುಕಾಟವನ್ನು ನಾನು ಮೇಲಿಂದಲೇ ಶುರು ಮಾಡುತ್ತೇನೆ. ಪೆಡಲ್ ಒತ್ತಿ ಹಿಡಿದಾಗ ಅದು ನಿಧಾನವಾಗಿ ಕೆಳಗಿಳಿಯುತ್ತಿದೆ, ಆದರೆ ಡಬ್ಬಿಯ ಮಟ್ಟ ಹಾಗೇ ಇದೆ ಅಂದರೆ ಪೆಡಲಿನ ಒತ್ತನ್ನು ಆಯಿಲಿಗೆ ದಾಟಿಸುವ ಮಾಸ್ಟರ್ ಸಿಲಿಂಡರಿನ ಒಳಗಿನ ರಬ್ಬರ್ ಕಪ್ ಒತ್ತಡ ಹಿಡಿಯುತ್ತಿಲ್ಲ ಅಂತ ಅನುಮಾನಿಸಬೇಕು. ಮಟ್ಟ ಇಳಿಯುತ್ತಿದೆ, ಹೊರಗೆ ಎಲ್ಲೂ ಒದ್ದೆ ಇಲ್ಲ ಅಂದರೆ ಮಾಸ್ಟರ್ ಸಿಲಿಂಡರಿನ ಹಿಂದಿನ ಸೀಲ್ ದಾಟಿ ಪೆಡಲಿನ ಬಲ ಹೆಚ್ಚಿಸುವ ಬೂಸ್ಟರ್ ಒಳಗೆ ಹೋಗುತ್ತಿರಬಹುದು. ಎರಡೂ ಸೇರುವ ಜಾಗದಲ್ಲಿ ಬೆರಳಾಡಿಸಿದರೆ, ಅಲ್ಲಿ ಪೇಂಟ್ ಗುಳ್ಳೆ ಎದ್ದಿದೆಯಾ ಅಂತ ನೋಡಿದರೆ ಸುಳಿವು ಸಿಗುತ್ತದೆ. ನನ್ನ ಕಾರಿನಲ್ಲಿ ಅಲ್ಲೆಲ್ಲ ಒಣಗಿಯೇ ಇತ್ತು. ಪೈಪಿನ ಜಾಯಿಂಟುಗಳು, ರಬ್ಬರ್ ಹೋಸ್‌ಗಳೂ ಸರಿಯಾಗಿದ್ದವು. ಚಕ್ರಗಳ ಒಳಬದಿಗೆ ಟಾರ್ಚ್ ಬಿಟ್ಟಾಗ ಕಂಡಿತು. ಹಿಂದಿನ ಎಡ ಚಕ್ರದಲ್ಲಿ ಡ್ರಮ್ಮಿನ ಹಿಂಬದಿ ಮುಚ್ಚುವ ಬ್ಯಾಕ್ ಪ್ಲೇಟಿನ ಕೆಳ ಅಂಚಿನಿಂದ ಟೈರಿನ ಒಳಗೋಡೆಯವರೆಗೆ ಒಂದು ಒದ್ದೆ ಗೆರೆ, ಅದರ ಮೇಲೆ ಧೂಳು ಅಂಟಿ ಕಪ್ಪಾಗಿತ್ತು.

ಒದ್ದೆ ಇದ್ದ ಮಾತ್ರಕ್ಕೆ ಅದು ಬ್ರೇಕ್ ಆಯಿಲ್ಲೇ ಆಗಬೇಕಿಲ್ಲ. ಎಂಜಿನ್ ಬಲ ಹಿಂದಿನ ಆಕ್ಸಲ್ಲಿಗೆ ಹೋಗುವ ಗಾಡಿಗಳಲ್ಲಿ ಆಕ್ಸಲ್ ಸೀಲ್ ಹೋದರೂ ಇದೇ ಜಾಗದಲ್ಲಿ ಸೋರುತ್ತದೆ. ಗೇರ್ ಆಯಿಲ್ ಮಂದವಾಗಿರುತ್ತದೆ, ಗಂಧಕದ ಘಾಟು ಹೊಡೆಯುತ್ತದೆ. ಬ್ರೇಕ್ ಆಯಿಲ್ ತೆಳು, ಬೆರಳಲ್ಲಿ ಉಜ್ಜಿದರೆ ಜಾರುತ್ತದೆ. ಅನುಮಾನ ಬಂದರೆ ಒಂದು ಬಟ್ಟಲು ನೀರಿಗೆ ಒಂದು ಹನಿ ಬಿಟ್ಟು ನೋಡಿ. ಡಾಟ್ 3, ಡಾಟ್ 4 ದರ್ಜೆಯ ಬ್ರೇಕ್ ಆಯಿಲ್‌ಗಳು ಗ್ಲೈಕಾಲ್ ಜಾತಿಯವು, ನೀರಿನಲ್ಲಿ ಕರಗಿಹೋಗುತ್ತವೆ. ಗೇರ್ ಆಯಿಲ್, ಗ್ರೀಸ್ ತೇಲುತ್ತವೆ. ನನ್ನ ಹನಿ ಕರಗಿತು.

ಮುಂದೆ ಡ್ರಮ್ ತೆಗೆಯಬೇಕು. ಮುಂದಿನ ಚಕ್ರಗಳಿಗೆ ಎರಡೂ ಕಡೆ ಅಡ್ಡ ಕೊಟ್ಟು, ಕಾರನ್ನು ಸ್ಟ್ಯಾಂಡಿನ ಮೇಲೆ ಕೂರಿಸಿ, ಆಮೇಲೆ ಹ್ಯಾಂಡ್‌ಬ್ರೇಕ್ ಬಿಡಿ. ಬರೀ ಜಾಕ್ ನಂಬಿ ಕೆಳಗೆ ಕೈ ಹಾಕಬೇಡಿ. ಎಷ್ಟೋ ಡ್ರಮ್‌ಗಳಲ್ಲಿ ಥ್ರೆಡ್ ಇರುವ ಎರಡು ತೂತುಗಳಿರುತ್ತವೆ. ಅವಕ್ಕೆ ಸರಿಹೊಂದುವ ಬೋಲ್ಟ್ ಹಾಕಿ ಒಂದೊಂದು ಸುತ್ತು ಸಮವಾಗಿ ತಿರುಗಿಸುತ್ತಾ ಹೋದರೆ ಡ್ರಮ್ ತಾನಾಗಿ ಹೊರಗೆ ಬರುತ್ತದೆ. ಬರದಿದ್ದರೆ ಡ್ರಮ್ಮಿನ ಒಳ ಅಂಚಿನಲ್ಲಿ ಸವೆತದಿಂದ ಎದ್ದ ತುಟಿಗೆ ಶೂ ಸಿಕ್ಕಿಕೊಂಡಿದೆ ಅಂತ ಅರ್ಥ. ಬ್ಯಾಕ್ ಪ್ಲೇಟಿನ ತೂತಿನಿಂದ, ಶೂ ಡ್ರಮ್ಮಿಗೆ ಎಷ್ಟು ಹತ್ತಿರ ಇರಬೇಕು ಅಂತ ಹೊಂದಿಸುವ ಅಡ್ಜಸ್ಟರ್ ಸಡಿಲ ಮಾಡಿ, ಆಮೇಲೆ ಎಳೆಯಿರಿ. ಒಳಗಿನ ಧೂಳನ್ನು ಊದಬೇಡಿ, ಏರ್ ಹೊಡೆಯಲೂ ಬೇಡಿ. ಶೂ ಮೇಲೆ ಅಂಟಿಸಿದ, ಡ್ರಮ್ಮಿಗೆ ಉಜ್ಜುವ ಹಳೆಯ ಲೈನರ್‌ಗಳಲ್ಲಿ ಆಸ್ಬೆಸ್ಟಾಸ್ ಇರುತ್ತಿತ್ತು. ಬ್ರೇಕ್ ಕ್ಲೀನರ್ ಸಿಂಪಡಿಸಿ ಒದ್ದೆ ಮಾಡಿ ಬಟ್ಟೆಯಲ್ಲಿ ಒರೆಸುವುದೇ ಸರಿ. ಡ್ರಮ್ ತೆಗೆದಿರುವಾಗ ಯಾರೂ ಪೆಡಲ್ ಒತ್ತದಂತೆ ನೋಡಿಕೊಳ್ಳಿ, ಪಿಸ್ಟನ್‌ಗಳು ಹೊರಗೆ ಹಾರಿಬಿಡುತ್ತವೆ.

ಡ್ರಮ್ಮಿನೊಳಗೆ ಎರಡೂ ಶೂಗಳನ್ನು ಹೊರಕ್ಕೆ ತಳ್ಳುವ ಸಿಲಿಂಡರ್ ಕೆಟ್ಟಿದೆಯಾ ಅನ್ನುವುದು ಹೊರಗಿನಿಂದ ತಿಳಿಯುವುದಿಲ್ಲ. ಎರಡು ತುದಿಯಲ್ಲಿರುವ ಧೂಳು ತಡೆಯುವ ರಬ್ಬರ್ ಬೂಟ್ ಎತ್ತಿಯೇ ನೋಡಬೇಕು. ಸಣ್ಣ ಸ್ಕ್ರೂಡ್ರೈವರ್ ತುದಿಯಿಂದ ಬೂಟಿನ ಅಂಚನ್ನು ನಿಧಾನವಾಗಿ ಎತ್ತಿದೆ. ಒಳಗೆ ತೇವ ಮಾತ್ರ ಇದ್ದರೆ ಚಿಂತೆ ಇಲ್ಲ, ಅಷ್ಟು ಸಾಮಾನ್ಯ. ನನಗೆ ಸಿಕ್ಕಿದ್ದು ಹಾಗಲ್ಲ. ಅಂಚು ಮೇಲೆದ್ದ ಕೂಡಲೇ ಬೂಟಿನೊಳಗೆ ತುಂಬಿಕೊಂಡಿದ್ದ ಕಂದು ಬಣ್ಣದ ಆಯಿಲ್ ಹೊರಗೆ ಚೆಲ್ಲಿ, ಶೂ ತುದಿಯ ಮೇಲಿಂದ ಲೈನರ್‌ಗೆ ಇಳಿಯಿತು. ಆ ಶೂವಿನ ಮೇಲರ್ಧ ಮೊದಲೇ ಕಪ್ಪಗೆ ನೆನೆದಿತ್ತು. ಇನ್ನೊಂದು ತುದಿಯ ಬೂಟ್ ಒಣಗಿತ್ತು.

ಹೀಗೆ ಯಾಕಾಗುತ್ತದೆ ಅಂದರೆ, ಬ್ರೇಕ್ ಆಯಿಲ್ ಗಾಳಿಯಿಂದ ನೀರು ಹೀರುತ್ತದೆ. ಹಿಂದಿನ ಸಿಲಿಂಡರ್ ಪೈಪಿನ ಕಟ್ಟಕಡೆಯ ತುದಿ, ಅಲ್ಲಿ ಆಯಿಲ್ ಹರಿದಾಡುವುದಿಲ್ಲ, ವರ್ಷಗಟ್ಟಲೆ ಅಲ್ಲೇ ನಿಂತಿರುತ್ತದೆ. ಆ ನೀರು ಒಳಗೋಡೆಯನ್ನು ತಿನ್ನುತ್ತದೆ, ಸಣ್ಣ ಸಣ್ಣ ಗುಳಿ ಬೀಳುತ್ತವೆ. ಹೊರಗಿನ ತೇವ ಬೂಟ್ ದಾಟಿ ಬಂದು ರಬ್ಬರ್ ಕಪ್ಪಿನ ಆಚೆ ಬದಿಗೂ ತುಕ್ಕು ಹಿಡಿಸುತ್ತದೆ. ಲೈನರ್ ಸವೆದಷ್ಟೂ ಪಿಸ್ಟನ್ ಹೊರಗೆ ಸರಿದು, ಕಪ್ ಆ ತುಕ್ಕಿನ ಮೇಲೆ ಓಡಾಡಲು ಶುರು ಮಾಡುತ್ತದೆ. ರಬ್ಬರ್ ಎಷ್ಟು ದಿನ ತಾಳೀತು ಅಲ್ವಾ? ಬರೀ ರಬ್ಬರ್ ಕಿಟ್ ಹಾಕಿ ಮುಗಿಸುವುದು ನನಗೆ ಒಪ್ಪಿಗೆಯಾಗದ್ದು ಇದಕ್ಕೇ. ಗುಳಿ ಬಿದ್ದ ಗೋಡೆಯ ಮೇಲೆ ಹೊಸ ರಬ್ಬರೂ ಬೇಗ ಹರಿಯುತ್ತದೆ. ಗೋಡೆ ಕನ್ನಡಿಯಂತೆ ಇದ್ದರೆ ಕಿಟ್ ಸಾಕು, ಆದರೆ ಸೋರುವ ಹಂತಕ್ಕೆ ಬಂದ ಸಿಲಿಂಡರಿನಲ್ಲಿ ಅಂಥ ಗೋಡೆಯನ್ನು ನಾನು ಕಂಡಿಲ್ಲ.

ಹೊಸ ಸಿಲಿಂಡರ್ ತರುವಾಗ ಬೋಲ್ಟಿನ ತೂತು ಹೊಂದಿದರೆ ಸಾಲದು, ಒಳವ್ಯಾಸ ಹಳೆಯದರಷ್ಟೇ ಇರಬೇಕು. 11/16 ಇಂಚು ಅಂದರೆ 17.46 ಮಿ.ಮೀ., 3/4 ಇಂಚು ಅಂದರೆ 19.05 ಮಿ.ಮೀ. ಕೈಯಲ್ಲಿ ಹಿಡಿದರೆ ಎರಡೂ ಒಂದೇ ಥರ ಕಾಣುತ್ತವೆ. ಆದರೆ ಪಿಸ್ಟನ್ ಒತ್ತುವ ಬಲ ವ್ಯಾಸದ ವರ್ಗದಂತೆ ಏರುತ್ತದೆ. ಲೆಕ್ಕ ಹಾಕಿದರೆ ದೊಡ್ಡದು ಸುಮಾರು ಶೇ. 19ರಷ್ಟು ಜಾಸ್ತಿ ಒತ್ತುತ್ತದೆ. ಜೋರಾಗಿ ಬ್ರೇಕ್ ಹಾಕಿದಾಗ ಹಿಂದಿನ ಚಕ್ರ ಮುಂದಿನದಕ್ಕಿಂತ ಮೊದಲು ಲಾಕ್ ಆಗಿ ಗಾಡಿಯ ಹಿಂಭಾಗ ಪಕ್ಕಕ್ಕೆ ಎಳೆಯುವುದು ಇಂಥದ್ದರಿಂದಲೇ. ಎಷ್ಟೋ ಸಿಲಿಂಡರುಗಳ ಮೈಮೇಲೆ ಅಳತೆ ಎರಕದಲ್ಲೇ ಇರುತ್ತದೆ. ತುಕ್ಕು ಉಜ್ಜಿ ಓದಿಕೊಳ್ಳಿ.

ಇಡೀ ಕೆಲಸದ ಜೀವ ಇರುವುದು ಪೈಪ್ ನಟ್ಟಿನಲ್ಲಿ. ಸಿಲಿಂಡರನ್ನು ಹಿಡಿದಿರುವುದು ಸಾಮಾನ್ಯವಾಗಿ ಎರಡು ಸಣ್ಣ ಬೋಲ್ಟ್, ಅವನ್ನು ಯಾರು ಬೇಕಾದರೂ ಬಿಚ್ಚಬಹುದು. ಆದರೆ ಹಿಂದಿನಿಂದ ಬಂದು ಸೇರುವ ಲೋಹದ ಪೈಪಿನ ನಟ್ ವರ್ಷಗಟ್ಟಲೆ ನೀರು, ಕೆಸರು ತಿಂದಿರುತ್ತದೆ. ಅದು ಬಿಚ್ಚಿಕೊಂಡರೆ ಸಣ್ಣ ಕೆಲಸ. ಪೈಪ್ ಮುರಿದರೆ ಹೊಸ ಪೈಪ್ ಎಳೆಯುವ ದೊಡ್ಡ ಕೆಲಸ. ಅದಕ್ಕೇ ನಾನು ಶೂ, ಸ್ಪ್ರಿಂಗ್ ಯಾವುದನ್ನೂ ಮುಟ್ಟದೆ ಡ್ರಮ್ ವಾಪಸ್ ಹಾಕಿ, ಮೊದಲು ನಟ್ ಕಡೆ ಹೋದೆ. ಅದು ಬ್ಯಾಕ್ ಪ್ಲೇಟಿನ ಹಿಂದೆ ಇರುವುದರಿಂದ ಡ್ರಮ್ ಇದ್ದರೂ ಸಿಗುತ್ತದೆ. ಬೋಲ್ಟುಗಳು ಬಿಗಿಯಾಗಿರುವಾಗಲೇ ಬಿಚ್ಚಲು ನೋಡುವುದು ಒಳ್ಳೆಯದು, ಸಿಲಿಂಡರ್ ಅಲುಗಾಡುವುದಿಲ್ಲ.

ವೈರ್ ಬ್ರಷ್ಷಿನಲ್ಲಿ ನಟ್ ಉಜ್ಜಿ, ತುಕ್ಕು ಬಿಡಿಸುವ ಸ್ಪ್ರೇ ಹೊಡೆದು, ಒಂದು ರಾತ್ರಿ ಹಾಗೇ ಬಿಟ್ಟೆ. ಸ್ಪ್ರೇ ಎರಡು ಕಡೆ ಬೇಕು. ನಟ್ ಸಿಲಿಂಡರಿಗೆ ಸೇರುವಲ್ಲಿ ಒಂದು, ಪೈಪ್ ನಟ್ಟಿನೊಳಗೆ ಹೋಗುವಲ್ಲಿ ಒಂದು. ಎರಡನೆಯದನ್ನು ಬಹಳ ಜನ ಬಿಡುತ್ತಾರೆ. ಸಾಮಾನ್ಯ ಸ್ಪ್ಯಾನರ್ ಬೇಡ, ಎರಡೇ ಮೂಲೆ ಹಿಡಿದು ನಟ್ಟನ್ನು ಉರುಟು ಮಾಡಿಬಿಡುತ್ತದೆ. ಪೈಪ್ ದಾಟಿಸಲು ಸಂದು ಬಿಟ್ಟಿರುವ ರಿಂಗ್ ಸ್ಪ್ಯಾನರ್ ಬರುತ್ತದೆ, ಫ್ಲೇರ್ ನಟ್ ಸ್ಪ್ಯಾನರ್ ಅಂತ ಕೇಳಿ. ಬೆಳಗ್ಗೆ ಅದನ್ನು ಹಾಕಿ ತಟ್ಟಿದಾಗ ನಟ್ ಟಕ್ ಎಂದು ಸಡಿಲವಾಯಿತು. ಆದರೆ ಅದರ ಜೊತೆ ಪೈಪೂ ತಿರುಗಿತು. ಅಲ್ಲೇ ನಿಲ್ಲಿಸಬೇಕು. ಹಾಗೇ ಮುಂದುವರಿಸಿದರೆ ಪೈಪ್ ಬಟ್ಟೆ ಹಿಂಡಿದ ಹಾಗೆ ತಿರುಚಿಕೊಂಡು ತುಂಡಾಗುತ್ತದೆ. ಒಂದು ಕೈಯಲ್ಲಿ ಪೈಪ್ ಹಿಡಿದು, ನಟ್ಟನ್ನು ಕಾಲು ಸುತ್ತು ಹಿಂದೆ, ಕಾಲು ಸುತ್ತು ಮುಂದೆ ಆಡಿಸುತ್ತಾ, ನಡುನಡುವೆ ಸ್ಪ್ರೇ ಬಿಡುತ್ತಾ ಕೂತೆ. ಸ್ವಲ್ಪ ಹೊತ್ತಿಗೆ ಪೈಪಿನ ಪಕ್ಕ ಕೆಂಪು ಪುಡಿ ಉದುರಿತು. ಆಮೇಲೆ ಪೈಪ್ ನಿಂತಲ್ಲೇ ನಿಂತು ನಟ್ ಮಾತ್ರ ತಿರುಗಿತು. ಹಾಗೂ ಬಿಡದಿದ್ದರೆ ಇನ್ನೊಂದು ದಾರಿ ಇದೆ. ಶೂ ತೆಗೆದು, ಸಿಲಿಂಡರಿನ ಬೋಲ್ಟುಗಳನ್ನು ಬಿಚ್ಚಿ, ನಟ್ಟನ್ನು ಸ್ಪ್ಯಾನರಿನಲ್ಲಿ ಹಿಡಿದು ಸಿಲಿಂಡರನ್ನೇ ತಿರುಗಿಸಿ ಹೊರತೆಗೆಯಬಹುದು.

ಪೈಪ್ ತೆರೆದರೆ ಡಬ್ಬಿಯ ಆಯಿಲೆಲ್ಲ ಹನಿಹನಿಯಾಗಿ ಹೊರಗೆ ಬರುತ್ತದೆ. ಅದಕ್ಕೆ ಒಂದು ಉಪಾಯ. ಡ್ರಮ್ ಇರುವಾಗಲೇ ಪೆಡಲನ್ನು ಎರಡು ಮೂರು ಸೆಂಟಿಮೀಟರ್ ಒತ್ತಿ, ಸೀಟಿಗೂ ಪೆಡಲಿಗೂ ನಡುವೆ ಕೋಲು ಕೊಟ್ಟು ನಿಲ್ಲಿಸಿ. ಡಬ್ಬಿಯಿಂದ ಇಳಿಯುವ ಸಣ್ಣ ತೂತು ಮಾಸ್ಟರ್ ಸಿಲಿಂಡರಿನೊಳಗೆ ಮುಚ್ಚಿಕೊಳ್ಳುತ್ತದೆ. ಆಮೇಲೆ ಆ ಚಕ್ರದ ಬ್ಲೀಡಿಂಗ್ ನಿಪ್ಪಲ್ (ಆಯಿಲ್, ಏರ್ ಹೊರಬಿಡುವ ಸಣ್ಣ ಸ್ಕ್ರೂ) ತೆರೆದು ಒತ್ತಡ ಬಿಡಿ. ಬ್ರೇಕ್ ಲೈಟ್ ಉರಿಯುತ್ತಲೇ ಇರುತ್ತದೆ, ಬ್ಯಾಟರಿಯ ಒಂದು ವೈರ್ ತೆಗೆದಿಡಿ. ಆಯಿಲ್ ಪೇಂಟ್ ಮೇಲೆ ಬಿದ್ದರೆ ತಕ್ಷಣ ನೀರು ಹಾಕಿ ತೊಳೆಯಿರಿ, ಇಲ್ಲದಿದ್ದರೆ ಬಣ್ಣ ಕಿತ್ತುಬರುತ್ತದೆ.

ಶೂ ಮತ್ತು ಸ್ಪ್ರಿಂಗುಗಳ ಬಗ್ಗೆ ಹೆಚ್ಚು ಹೇಳುವುದಿಲ್ಲ. ಬಿಚ್ಚುವ ಮೊದಲು ಫೋಟೋ ತೆಗೆಯಿರಿ, ಒಂದು ಸಲಕ್ಕೆ ಒಂದೇ ಕಡೆ ಬಿಚ್ಚಿ. ಇನ್ನೊಂದು ಕಡೆ ನೋಡಿಕೊಳ್ಳಲು ಹಾಗೇ ಇರಲಿ. ಅಡ್ಜಸ್ಟರ್ ಎಡಕ್ಕೂ ಬಲಕ್ಕೂ ಬೇರೆ ಬೇರೆ ಇರುತ್ತದೆ, ಅದಲುಬದಲು ಮಾಡಬೇಡಿ. ಆಯಿಲ್ ಕುಡಿದ ಲೈನರನ್ನು ತೊಳೆದು, ಸುಟ್ಟು ಮತ್ತೆ ಹಾಕುವವರಿದ್ದಾರೆ. ನಾನು ಅದನ್ನು ಯಾವತ್ತೂ ಮಾಡುವುದಿಲ್ಲ. ಒಳಗೆ ಇಳಿದ ಆಯಿಲ್ ಬಿಸಿಯಾದಾಗ ಮತ್ತೆ ಮೇಲೆ ಬರುತ್ತದೆ. ಹೊಸ ಶೂ ಎರಡೂ ಚಕ್ರಕ್ಕೆ ಹಾಕಬೇಕು, ಒಂದೇ ಕಡೆ ಹಾಕಿದರೆ ಹಿಡಿತ ಸಮ ಇರುವುದಿಲ್ಲ.

ಹೊಸ ಸಿಲಿಂಡರ್ ಕೂರಿಸುವಾಗ ಬೋಲ್ಟುಗಳನ್ನು ಮೊದಲು ಬಿಗಿಯಬೇಡಿ. ಸಿಲಿಂಡರ್ ಸಡಿಲವಾಗಿ ತೂಗುತ್ತಿರುವಾಗಲೇ ಪೈಪ್ ನಟ್ಟನ್ನು ಬರೀ ಬೆರಳಿನಿಂದ ಮೂರು ನಾಲ್ಕು ಸುತ್ತು ಕೂರಿಸಿ. ಬೋಲ್ಟ್ ಬಿಗಿದ ಮೇಲೆ ಪೈಪಿನ ಕೋನ ಸರಿಹೋಗದೆ ಥ್ರೆಡ್ ಅಡ್ಡ ಹಿಡಿಯುವ ಅಪಾಯ ಜಾಸ್ತಿ, ಅಡ್ಡ ಹಿಡಿದರೆ ಹೊಸ ಸಿಲಿಂಡರೇ ಹಾಳು. ಬೆರಳಿಗೆ ನಟ್ ಹಗುರವಾಗಿ ತಿರುಗಿದರೆ ಆಮೇಲೆ ಬೋಲ್ಟ್, ಕೊನೆಗೆ ನಟ್. ಎಷ್ಟು ಬಿಗಿ ಅನ್ನುವುದನ್ನು ನಿಮ್ಮ ಕಾರಿನ ಸರ್ವಿಸ್ ಪುಸ್ತಕದಲ್ಲಿ ನೋಡಿ. ಬೋಲ್ಟ್ ಸಣ್ಣವು, ತೋಳಿನ ಬಲ ಬೇಡ. ಬ್ಯಾಕ್ ಪ್ಲೇಟಿನಲ್ಲಿ ಶೂ ಉಜ್ಜುವ ಉಬ್ಬುಗಳಿಗೆ ಶಾಖ ತಡೆಯುವ ಗ್ರೀಸ್ ತೆಳುವಾಗಿ ಸವರಿದೆ. ರಬ್ಬರಿಗೆ ಪೆಟ್ರೋಲ್, ಸೀಮೆಎಣ್ಣೆ, ಸಾಮಾನ್ಯ ಗ್ರೀಸ್ ಸೋಕಬಾರದು, ಊದಿಕೊಳ್ಳುತ್ತದೆ.

ಬಲಗಡೆಯ ಸಿಲಿಂಡರ್ ಬೂಟ್ ಒಣಗಿತ್ತು. ಆದರೂ ಅದನ್ನೂ ಬದಲಾಯಿಸಿದೆ. ಅಲ್ಲಿನ ಪೈಪ್ ನಟ್ ಸಲೀಸಾಗಿ ಬಿಚ್ಚಿಕೊಂಡಿತು, ಪೈಪಿನೊಳಗೆ ಸೇರಿದ ಏರ್ ತೆಗೆಯುವುದು ಹೇಗೂ ಇತ್ತು, ವಯಸ್ಸೂ ಅಷ್ಟೇ. ನಟ್ ಹಟ ಹಿಡಿದಿದ್ದರೆ ಒಣಗಿದ ಸಿಲಿಂಡರನ್ನು ಮುಟ್ಟುತ್ತಿರಲಿಲ್ಲ.

ಏರ್ ತೆಗೆಯುವ ಮೊದಲು ಡ್ರಮ್ ಹಾಕಿ ಶೂ ಹೊಂದಿಸಿಕೊಳ್ಳಿ. ಚಕ್ರ ತಿರುಗಿಸಿದಾಗ ಲೈನರ್ ಸಣ್ಣಗೆ ಸವರಿದ ಸದ್ದು ಬರುವಷ್ಟು ಸಾಕು. ಹ್ಯಾಂಡ್‌ಬ್ರೇಕ್ ಕೇಬಲ್ ಆಮೇಲೆ. ಕೇಬಲ್ ಬಿಗಿದು ಶೂ ಸವೆತವನ್ನು ಮುಚ್ಚುವುದು ತಪ್ಪು ಕ್ರಮ. ಒಬ್ಬರು ಪೆಡಲ್ ಒತ್ತಿ ಹಿಡಿಯುವುದು, ಇನ್ನೊಬ್ಬರು ನಿಪ್ಪಲ್ ತೆರೆದು ಮುಚ್ಚುವುದು, ಮುಚ್ಚಿದ ಮೇಲೇ ಪೆಡಲ್ ಬಿಡುವುದು. ನಿಪ್ಪಲ್ಲಿಗೆ ಪಾರದರ್ಶಕ ಟ್ಯೂಬ್ ಹಾಕಿ, ಅದರ ತುದಿ ಬಾಟಲಿಯ ಆಯಿಲಿನೊಳಗೆ ಮುಳುಗಿರಲಿ. ಹಳೆಯ ಕಾರಿನಲ್ಲಿ ಪೆಡಲನ್ನು ನೆಲಕ್ಕೆ ತಾಗಿಸಬೇಡಿ. ಮಾಸ್ಟರ್ ಸಿಲಿಂಡರಿನ ಕಪ್ ದಿನನಿತ್ಯ ಹೋಗದ ತುಕ್ಕಿನ ಜಾಗಕ್ಕೆ ಹೋಗಿ ಹರಿಯುತ್ತದೆ. ಪೆಡಲ್ ಕೆಳಗೆ ಒಂದು ಮರದ ತುಂಡು ಇಟ್ಟುಬಿಡಿ. ಕೆಲವು ಕಾರುಗಳಲ್ಲಿ ಹಿಂದಿನ ಭಾರ ನೋಡಿ ಆಯಿಲ್ ಬಿಡುವ ವಾಲ್ವ್ ಇರುತ್ತದೆ. ಚಕ್ರ ತೂಗಾಡುತ್ತಿದ್ದರೆ ಅದು ಹಿಂದಕ್ಕೆ ಹೋಗುವ ಆಯಿಲ್ ಕಡಿಮೆ ಮಾಡುತ್ತದೆ, ಏರ್ ಬಿಡುವುದೇ ಇಲ್ಲ. ಆಗ ಆಕ್ಸಲ್ ಕೆಳಗೆ ಆಧಾರ ಕೊಟ್ಟು ಮೇಲೆತ್ತಬೇಕು. ಯಾವ ಚಕ್ರದಿಂದ ಶುರು ಮಾಡಬೇಕು ಅನ್ನುವುದೂ ಕಾರಿನಿಂದ ಕಾರಿಗೆ ಬದಲಾಗುತ್ತದೆ. ಚಕ್ರ ಲಾಕ್ ಆಗದಂತೆ ತಡೆಯುವ ಎಬಿಎಸ್ ಇದ್ದರಂತೂ ಪುಸ್ತಕ ನೋಡಲೇಬೇಕು.

ನಾನು ನಾಲ್ಕೂ ಚಕ್ರದಿಂದ ಹಳೆಯದನ್ನು ತೆಗೆದು ಹೊಸ ಡಾಟ್ 4 ತುಂಬಿಸಿದೆ. ಹೊಸದಾಗಿದ್ದಾಗ ಅದು ಕನಿಷ್ಠ 230 ಡಿಗ್ರಿ ಸೆಲ್ಸಿಯಸ್‌ವರೆಗೆ ಕುದಿಯಬಾರದು. ಶೇ. 3.7ರಷ್ಟು ನೀರು ಸೇರಿದರೆ ಅದೇ ಮಿತಿ 155ಕ್ಕೆ ಇಳಿಯುತ್ತದೆ. ಎರಡು ವರ್ಷಕ್ಕೊಮ್ಮೆ ಬದಲಾಯಿಸಿದರೆ ಸಿಲಿಂಡರಿನ ಗೋಡೆಯೂ ಉಳಿಯುತ್ತದೆ.

ಎಲ್ಲ ಮುಗಿದ ಮೇಲೆ ಎಂಜಿನ್ ಚಾಲೂ ಮಾಡಿ ಪೆಡಲನ್ನು ಗಟ್ಟಿಯಾಗಿ ಒತ್ತಿ ಒಂದು ನಿಮಿಷ ಹಿಡಿದೆ. ಇಳಿಯಲಿಲ್ಲ. ಕಾರಿನಿಂದ ಇಳಿದು ಬಂದು ಎರಡೂ ಪೈಪ್ ನಟ್ಟುಗಳಿಗೆ ಬಿಳಿ ಕಾಗದ ಒತ್ತಿ ನೋಡಿದೆ, ಕಲೆ ಇಲ್ಲ. ಖಾಲಿ ಜಾಗದಲ್ಲಿ ನಿಧಾನವಾಗಿ ಓಡಿಸಿ ಕೆಲವು ಸಲ ಬ್ರೇಕ್ ಹಾಕಿ ನೋಡಿದ ಮೇಲೆಯೇ ರಸ್ತೆಗೆ ತಂದೆ. ಮುಂದಿನ ಒಂದೆರಡು ವಾರ ಡಬ್ಬಿಯ ಮಟ್ಟಕ್ಕೆ ಪೆನ್ನಿನಲ್ಲಿ ಗೆರೆ ಎಳೆದು ನೋಡುತ್ತಿದ್ದೆ. ನೀವೂ ಹಾಗೇ ಮಾಡಿ, ಗೆರೆಯಿಂದ ಕೆಳಗಿಳಿದರೆ ಮೊದಲು ಆ ಎರಡು ನಟ್ಟುಗಳನ್ನೇ ನೋಡಿ.