ಪೈಪಿಂಗ್ ಐಸೊದಲ್ಲಿ ನಿಮ್ಮದೇ ಸಿಂಬಲ್ ಕೂರಿಸುವುದು ಹೇಗೆ?

ಶಿವಮೊಗ್ಗದ ಹತ್ತಿರದ ಮಾಚೇನಹಳ್ಳಿ ಕಡೆಯ ಫ್ಯಾಬ್ರಿಕೇಶನ್ ಶೆಡ್ಡಿನಲ್ಲಿ ಪೈಪು ಕತ್ತರಿಸುವ ಫಿಟ್ಟರ್ ಕೈಗೆ ಸಿಗುವುದು ಪೈಪ್ ಲೈನನ್ನು ಓರೆ ಗೆರೆಗಳಲ್ಲಿ ತೋರಿಸುವ ಐಸೊಮೆಟ್ರಿಕ್ ಹಾಳೆ, ಚಿಕ್ಕದಾಗಿ ಐಸೊ; ತ್ರೀಡಿ ಮಾಡೆಲ್ ಅಲ್ಲ. ಈ ಹಾಳೆ ಸ್ಕೇಲಿಗೆ ಬರೆದದ್ದಲ್ಲ. ಅಡ್ಡ ಪೈಪು 30 ಡಿಗ್ರಿ ಓರೆಯಲ್ಲಿರುತ್ತದೆ, ಉದ್ದ ಅಂಕಿಯಲ್ಲಿರುತ್ತದೆ. ವಾಲ್ವ್ ಯಾವುದು ಅನ್ನೋದನ್ನು ಸಿಂಬಲ್ಲೇ ಹೇಳಬೇಕು.

ಮಲೆನಾಡಿನ ಅಕ್ಕಿ ಗಿರಣಿಯೊಂದರ ಸ್ಟೀಮ್ ಲೈನ್ ಅಂದುಕೊಳ್ಳಿ. ಅದರಲ್ಲೊಂದು ಬೀಗ ಹಾಕುವ ಬಾಲ್ ವಾಲ್ವ್ ಇದೆ. ಪೈಪಿಂಗ್ ವಿನ್ಯಾಸದ ಸಾಫ್ಟ್‌ವೇರ್ ಆಟೋಕ್ಯಾಡ್ ಪ್ಲಾಂಟ್ ತ್ರೀಡಿ ತೆಗೆಯುವ ಐಸೊದಲ್ಲಿ ಅದು ಮಾಮೂಲಿ ಬಾಲ್ ವಾಲ್ವಿನಂತೆಯೇ ಬರುತ್ತದೆ. ಅದಕ್ಕೆ ಬೇರೆ ಸಿಂಬಲ್ ಮಾಡೋಣ.

ಮೊದಲು ಪ್ರಾಜೆಕ್ಟಿನ ಐಸೊಮೆಟ್ರಿಕ್ ಫೋಲ್ಡರ್ ಪೂರ್ತಿ ಕಾಪಿ ಮಾಡಿಡಿ. ನಮ್ಮ ಮಳೆಗಾಲದಲ್ಲಿ ಕರೆಂಟ್ ಯಾವಾಗ ಹೋಗುತ್ತೋ ಹೇಳಲಾಗದು, ಅಲ್ವಾ!

ಮೂಲ ಫೋಲ್ಡರಿನ ಒಳಗೆ ನಿಮ್ಮ ಐಸೊ ಸ್ಟೈಲಿನ, ಅಂದರೆ ನೀವು ಬಳಸುವ ಹಾಳೆಯ ಬಗೆಯ, ಫೋಲ್ಡರಿನಲ್ಲಿ ಐಸೊ.ಡಿಡಬ್ಲ್ಯೂಟಿ ಟೆಂಪ್ಲೇಟ್ ಸಿಗುತ್ತದೆ. ಅದನ್ನು ತೆರೆಯಿರಿ. ಸಿಂಬಲ್‌ಗಳೆಲ್ಲ ಅಲ್ಲಿ ಬ್ಲಾಕ್‌ಗಳಾಗಿ, ಅಂದರೆ ಒಂದೇ ಹೆಸರಲ್ಲಿ ಕೂಡಿಸಿಟ್ಟ ಗೆರೆಗಳಾಗಿ, ಇರುತ್ತವೆ. ಹೊಸದನ್ನು ಸೊನ್ನೆಯಿಂದ ಬರೆಯಬೇಡಿ. ಇರುವ ಬಾಲ್ ವಾಲ್ವ್ ಬ್ಲಾಕನ್ನೇ ಬ್ಲಾಕ್ ಎಡಿಟರ್‌ನಲ್ಲಿ ತೆರೆದು, ಹೊಸ ಹೆಸರಲ್ಲಿ ಸೇವ್ ಮಾಡಿ, ಮೇಲೊಂದು ಪುಟ್ಟ ಚೌಕ ಎಳೆಯಿರಿ. ಹೀಗೆ ಮಾಡಿದರೆ ಅಳತೆಯೂ ಬ್ಲಾಕನ್ನು ಕೂರಿಸುವ ಬೇಸ್ ಪಾಯಿಂಟೂ ತಪ್ಪುವುದಿಲ್ಲ. ಒಳಗೆ ಅಕ್ಷರ ಮಾತ್ರ ಬರೆಯಬೇಡಿ: ಪೈಪಿನ ದಿಕ್ಕಿಗೆ ಸಿಂಬಲ್ ತಿರುಗಿದಾಗ ಅಕ್ಷರವೂ ವಾಲುತ್ತದೆ, ಓದಲಾಗದು.

ಬ್ಲಾಕ್ ಬರೆದರೆ ಕೆಲಸ ಮುಗಿಯಿತು ಎಂದು ಹೊಸಬರು ಕೈಬಿಡುವುದು ಇಲ್ಲೇ. ವಾಲ್ವಿಗೂ ಬ್ಲಾಕಿಗೂ ಗಂಟು ಹಾಕುವುದು ಎಸ್‌ಕೀ ಎಂಬ ನಾಲ್ಕಕ್ಷರದ ಗುರುತು. ವಿಬಿಎಫ್‌ಎಲ್ ಅಂದರೆ ಬಾಲ್ ವಾಲ್ವ್, ತುದಿ ಫ್ಲ್ಯಾಂಜ್ (ಬೋಲ್ಟ್ ಹಾಕಿ ಜೋಡಿಸುವ ಬಳೆ). ಕೊನೆಯ ಎರಡಕ್ಷರ ತುದಿಯದ್ದು: ಬಟ್ ವೆಲ್ಡಿಗೆ ಬಿಡಬ್ಲ್ಯೂ, ಸಾಕೆಟ್ ವೆಲ್ಡಿಗೆ ಎಸ್‌ಡಬ್ಲ್ಯೂ, ತಿರುಪಿನ ಥ್ರೆಡ್ಡಿಗೆ ಎಸ್‌ಸಿ. ನಮ್ಮ ವಾಲ್ವಿಗೆ, ಬೇರೆಲ್ಲೂ ಬಳಸದ ಝಡ್‌ಬಿಎಫ್‌ಎಲ್ ಎಂದಿಡೋಣ.

ಐಸೊಮೆಟ್ರಿಕ್ ಫೋಲ್ಡರಿನಲ್ಲಿ ಐಸೊಸ್ಕೀಅಕ್ಯಾಡ್‌ಬ್ಲಾಕ್‌ಮ್ಯಾಪ್ ಎಂಬ ಎಕ್ಸ್‌ಎಂಎಲ್ ಫೈಲ್ ಇದೆ. ನೋಟ್‌ಪ್ಯಾಡಿನಲ್ಲಿ ತೆರೆದು ಒಂದು ಹಳೆಯ ಸಾಲನ್ನು ಕಾಪಿ ಮಾಡಿ, ಎಸ್‌ಕೀ ಮತ್ತು ಬ್ಲಾಕಿನ ಹೆಸರು ಬದಲಿಸಿ. ಒಂದು ಉದ್ಧರಣ ಚಿಹ್ನೆ ಬಿಟ್ಟರೂ ಫೈಲ್ ಕೆಡುತ್ತದೆ. ಆಮೇಲೆ ಕ್ಯಾಟಲಾಗ್ ಎಡಿಟರಿನಲ್ಲಿ ಆ ವಾಲ್ವಿಗೆ ಅದೇ ಎಸ್‌ಕೀ ಕೊಟ್ಟು, ಸ್ಪೆಕ್ (ಲೈನಿಗೆ ಬಳಸುವ ಭಾಗಗಳ ಪಟ್ಟಿ) ಅಪ್‌ಡೇಟ್ ಮಾಡಿ. ಮೊದಲೇ ಕೂರಿಸಿದ ವಾಲ್ವ್‌ಗಳಲ್ಲಿ ಹಳೆಯ ಎಸ್‌ಕೀ ಉಳಿದಿದೆಯೋ ನೋಡಿ.

ಪರೀಕ್ಷೆಗೆ ಒಂದು ಗಿಡ್ಡ ಲೈನ್ ಸಾಕು. ವಾಲ್ವನ್ನು ಪೂರ್ವಕ್ಕೆ, ಉತ್ತರಕ್ಕೆ, ಮೇಲಕ್ಕೆ, ಹೀಗೆ ಮೂರು ದಿಕ್ಕಿಗೂ ಇಟ್ಟು ಕ್ವಿಕ್ ಐಸೊ ಕಮಾಂಡಿನಿಂದ ಹಾಳೆ ತೆಗೆದು ನೋಡಿ. ಚೆಕ್, ಫೈನಲ್, ಸ್ಪೂಲ್ ಸ್ಟೈಲ್‌ಗಳಿಗೆ ಬೇರೆ ಬೇರೆ ಟೆಂಪ್ಲೇಟ್ ಇರುತ್ತವೆ. ಒಂದರಲ್ಲಿ ಹಾಕಿದ ಬ್ಲಾಕ್ ಇನ್ನೊಂದಕ್ಕೆ ತಾನಾಗಿ ಬರುವುದಿಲ್ಲ, ಫೈನಲ್ ಹಾಳೆ ಕೊಡುವ ಮೊದಲು ಅಲ್ಲಿಗೂ ಅದನ್ನು ಸೇರಿಸಿ.