ಫ್ರಿಜ್‌ಗೂ ಒಂದು ಶ್ರುತಿ ಇದೆ

ನಾನು ಶಿವಮೊಗ್ಗದಿಂದ ಬೆಂಗಳೂರಿಗೆ ಬಂದಿದ್ದು ಸಿನಿಮಾ ಹಾಡು ಮಾಡೋಕೆ. ಹನ್ನೊಂದು ವರ್ಷ ಆಯ್ತು, ಮಾಡಿದ ಹಾಡು ಬೆರಳಲ್ಲಿ ಎಣಿಸಬಹುದು. ಮನೆ ಬಾಡಿಗೆ ಕಟ್ಟಿದ್ದು ಮಾತ್ರ ಧಾರಾವಾಹಿಗಳ ಹಿನ್ನೆಲೆ ಸಂಗೀತ. ನಮ್ಮಲ್ಲಿ ಅದಕ್ಕೆ ಆರ್‌ಆರ್ ಅಂತಾರೆ, ರೀರೆಕಾರ್ಡಿಂಗ್ ಅನ್ನೋದರ ಗಿಡ್ಡ ರೂಪ.

ಮೊದಲು ಆರ್ಕೆಸ್ಟ್ರಾದಲ್ಲಿ ಕೀಬೋರ್ಡ್ ನುಡಿಸುತ್ತಿದ್ದೆ. ಆಮೇಲೆ ಒಬ್ಬ ಸಂಗೀತ ನಿರ್ದೇಶಕರ ಹತ್ತಿರ ನಾಲ್ಕು ವರ್ಷ ಪ್ರೋಗ್ರಾಮರ್ ಆಗಿದ್ದೆ, ಅಂದರೆ ಅವರ ಸಂಗೀತಕ್ಕೆ ಕಂಪ್ಯೂಟರ್‌ನಲ್ಲಿ ವಾದ್ಯಗಳನ್ನು ಜೋಡಿಸೋ ಕೆಲಸ. ಅವರಿಗೆ ಪುರುಸೊತ್ತಿಲ್ಲದ ಒಂದು ಧಾರಾವಾಹಿ ನನ್ನ ಪಾಲಿಗೆ ಬಂತು.

ದಿನದ ಧಾರಾವಾಹಿಗೆ ಪ್ರತಿ ಸಂಚಿಕೆಗೂ ಹೊಸದಾಗಿ ಸಂಗೀತ ಬರೀತಾರೆ ಅಂದುಕೊಂಡಿದ್ರೆ, ಇಲ್ಲ. ಅರ್ಧ ಗಂಟೆಯ ಸ್ಲಾಟ್‌ನಲ್ಲಿ ಜಾಹೀರಾತು ಕಳೆದರೆ ಉಳಿಯೋದು ಇಪ್ಪತ್ತೆರಡು ನಿಮಿಷದ ಆಸುಪಾಸು. ಎಡಿಟ್ ರಾತ್ರಿ ಒಂಬತ್ತಕ್ಕೆ ಕೈಗೆ ಬಂದು ಮಾರನೇ ಸಂಜೆ ಪ್ರಸಾರ ಆಗಬೇಕು ಅಂದಾಗ ಯಾರಿಗೆ ತಾನೇ ಬರೆಯೋಕೆ ಆಗುತ್ತೆ? ಹಾಗಾಗಿ ಶುರುವಿಗೆ ಮೊದಲೇ ಸಂಗೀತದ ತುಣುಕುಗಳ ಒಂದು ಬ್ಯಾಂಕ್ ಮಾಡಿಟ್ಟುಕೊಳ್ಳುತ್ತೇವೆ. ನನ್ನ ಮೊದಲ ಬ್ಯಾಂಕ್‌ನಲ್ಲಿ ಎಪ್ಪತ್ತು ತುಣುಕು ಇದ್ದವು. ‘ಅತ್ತೆ ಬಂದಳು’, ‘ಅತ್ತೆ ಬಂದಳು ವೀಣೆ ಇಲ್ಲದೆ’, ‘ಸೊಸೆ ಅಳು ನಿಧಾನ’, ಹೀಗೆ ಫೈಲ್‌ಗಳ ಹೆಸರು. ಅಳುವಿಗೆ ಶುಭಪಂತುವರಾಳಿ ಬಿಟ್ಟು ಬೇರೆ ರಾಗ ಹಾಕಿದರೆ ಚಾನೆಲ್‌ನವರು ಒಪ್ಪುತ್ತಿರಲಿಲ್ಲ. ಈಗಲೂ ಅಷ್ಟೇನೂ ಬದಲಾಗಿಲ್ಲ ಬಿಡಿ.

ಮೊದಲ ವಾರ ಇಪ್ಪತ್ತೆರಡು ನಿಮಿಷಕ್ಕೂ ಸಂಗೀತ ತುಂಬಿಬಿಟ್ಟಿದ್ದೆ. ಎಡಿಟರ್ ಕೇಳಿ, “ಗುರೂ, ಆ ಹುಡುಗಿ ಏನಂದ್ಲು ಅಂತ ನಿಂಗಾದ್ರೂ ಗೊತ್ತಾಯ್ತಾ?” ಅಂದ. ಕೊಳಲನ್ನು ಅವಳ ದನಿ ಇರೋ ಸ್ಥಾಯಿಯಲ್ಲೇ ನುಡಿಸಿಸಿದ್ದೆ, ಇಬ್ಬರೂ ಒಂದೇ ಬಾಗಿಲಲ್ಲಿ ನುಗ್ಗಿದ ಹಾಗೆ. ಕೊಳಲು ತೆಗೆದು ಕೆಳಗಿನ ಸ್ಥಾಯಿಯಲ್ಲಿ ಚೆಲ್ಲೋ ಇಟ್ಟೆ, ಪಿಟೀಲಿನ ಜಾತಿಯ ದಪ್ಪ ದನಿಯ ವಾದ್ಯ ಅದು. ಮಾತು ಮುಗಿದ ಮೇಲೆ ಕೊಳಲು ಬಂತು. ಅವತ್ತಿಂದ ಮೊದಲ ಸಲ ಸಂಚಿಕೆ ನೋಡುವಾಗ ಕೀಬೋರ್ಡ್ ಮುಟ್ಟೋದಿಲ್ಲ, ಮಾತು ಮಾತ್ರ ಕೇಳುತ್ತೇನೆ.

ಫ್ರಿಜ್ ವಿಷಯ ಗೊತ್ತಾಗಿದ್ದೂ ಹಾಗೇ ಕೇಳುವಾಗ. ಬಾಡಿಗೆ ಮನೆಯೊಂದರ ಅಡುಗೆಮನೆಯಲ್ಲಿ ಸಿಂಕ್ ಸೌಂಡ್‌ನಲ್ಲಿ ಶೂಟ್ ಮಾಡಿದ್ದರು, ಅಂದರೆ ಮಾತನ್ನೂ ಅಲ್ಲೇ ರೆಕಾರ್ಡ್ ಮಾಡಿಕೊಂಡಿದ್ದರು. ಯಾರೋ ಫ್ರಿಜ್ ಆಫ್ ಮಾಡೋದು ಮರೆತಿದ್ದರು. ನಟಿ ಎಷ್ಟು ಚೆನ್ನಾಗಿ ಅತ್ತಿದ್ದರು ಅಂದ್ರೆ ಡಬ್ಬಿಂಗ್ ಮಾಡಿಸೋಕೆ ನಿರ್ದೇಶಕರಿಗೆ ಮನಸ್ಸಿಲ್ಲ. ಫ್ರಿಜ್‌ನ ಗುಂಯ್ ಸದ್ದು ಕಮ್ಮಿ ಮಾಡಿದರೆ ಅವರ ದನಿಯೂ ಡಬ್ಬದೊಳಗಿಂದ ಬಂದ ಹಾಗೆ ಕೇಳುತ್ತಿತ್ತು. ನನ್ನ ಚೆಲ್ಲೋ ಐದೂವರೆ ಶ್ರುತಿಯಲ್ಲಿತ್ತು (ಹಾರ್ಮೋನಿಯಂ ಮನೆಗಳಿಗೆ ನಾವು ಕೊಡೋ ನಂಬರು ಅದು), ಅದಕ್ಕೂ ಆ ಗುಂಯ್‌ಗೂ ಜಗಳ ಬಿದ್ದು ಸೆಕೆಂಡಿಗೆ ಮೂರ್ನಾಲ್ಕು ಸಲ ವಂವ್ ವಂವ್ ಅಂತ ಅಲುಗಾಡುತ್ತಿತ್ತು. ಆಮೇಲೆ ಹೊಳೀತು. ನಮ್ಮ ಕರೆಂಟು 50 ಹರ್ಟ್ಜ್, ಅಂದರೆ ಸೆಕೆಂಡಿಗೆ 50 ಆವರ್ತ, ಫ್ರಿಜ್ ಗುಂಯ್ ಅನ್ನೋದು ಅದರ ಎರಡರಷ್ಟು, ಅಂದರೆ 100. ಐದರ ಶ್ರುತಿ ಆ ಸ್ಥಾಯಿಯಲ್ಲಿ 98. ಚೆಲ್ಲೋವನ್ನು ಐದಕ್ಕೆ ಇಳಿಸಿ, 100ಕ್ಕೆ ಕೂಡೋ ಹಾಗೆ ಕೂದಲೆಳೆಯಷ್ಟು ಮೇಲೆತ್ತಿದೆ. ಜಗಳ ನಿಂತುಹೋಯ್ತು. ಫ್ರಿಜ್ಜೇ ತಂಬೂರಿ ಆಯ್ತು! “ಏನ್ ಮಾಡಿದ್ರಿ, ಸೀನ್ ಭಾರ ಆಗಿದೆಯಲ್ಲ” ಅಂದರು ನಿರ್ದೇಶಕರು. ಸುಮ್ನೆ ನಕ್ಕೆ.

ಎಡವಿದ್ದೂ ಇದೆ. ಒಂದು ಟೆಲಿಫಿಲಂ ಸೆಕೆಂಡಿಗೆ 24 ಫ್ರೇಮ್‌ನಲ್ಲಿ ಶೂಟ್ ಆಗಿತ್ತು, ಟಿವಿಗೆ ಅಂತ 25ಕ್ಕೆ ಓಡಿಸಿ ಕಾಪಿ ಮಾಡಿದರು. ನಾನು ಕೇಳಲಿಲ್ಲ, ಅವರು ಹೇಳಲಿಲ್ಲ. ನಾನು 125 ಸೆಕೆಂಡಿಗೆ ಅಂತ ಸಂಗೀತ ಮಾಡಿದ್ದ ಸೀನು 120 ಆಗಿತ್ತು. ಕೊನೆಯಲ್ಲಿ ಅಪ್ಪ ಮಗನ ಕಪಾಳಕ್ಕೆ ಬಾರಿಸುತ್ತಾನೆ, ನನ್ನ ‘ಢಂ’ ಬರುವ ಹೊತ್ತಿಗೆ ಮಗ ಚಪ್ಪಲಿ ಹಾಕಿಕೊಳ್ಳುತ್ತಿದ್ದ. ಈಗ ಫೋನ್ ಬಂದ ತಕ್ಷಣ ಕಥೆ ಕೇಳೋ ಮೊದಲು ಎಷ್ಟು ಫ್ರೇಮ್ ಅಂತ ಕೇಳುತ್ತೇನೆ.

ಇನ್ನು ದುಡ್ಡು. ಸಂಚಿಕೆಗಿಷ್ಟು ಅಂತ ಕೊಡುತ್ತಾರೆ, ತಿಂಗಳುಗಟ್ಟಲೆ ತಡವಾಗಿ. ಶೀರ್ಷಿಕೆ ಗೀತೆಗೆ ಒಂದೇ ಸಲ. 2012ರಲ್ಲಿ ಕಾಪಿರೈಟ್ ಕಾಯ್ದೆ ತಿದ್ದುಪಡಿ ಆದ ಮೇಲೆ ರಾಯಲ್ಟಿಯಲ್ಲಿ ಸಂಗೀತ ಮಾಡಿದವರ ಪಾಲನ್ನು ಒಪ್ಪಂದದಲ್ಲಿ ಬರೆಸಿಕೊಂಡು ಕಿತ್ತುಕೊಳ್ಳೋ ಹಾಗಿಲ್ಲ. ಇದು ನನಗೆ ಗೊತ್ತಾಗಿದ್ದು ಎಷ್ಟೋ ವರ್ಷ ಕೆಲಸ ಮಾಡಿದ ಮೇಲೆ. ಐಪಿಆರ್‌ಎಸ್ ಸದಸ್ಯ ಆಗಿದ್ದೂ ತಡವಾಗಿಯೇ, ಹಾಡು ಬರೆದವರ, ಸಂಗೀತ ಮಾಡಿದವರ ರಾಯಲ್ಟಿ ವಸೂಲಿ ಮಾಡಿ ಹಂಚೋ ಸಂಘ ಅದು. ಈಗ ಪ್ರತಿ ಸಂಚಿಕೆಗೂ ಯಾವ ತುಣುಕು, ಎಷ್ಟು ಸೆಕೆಂಡು ಅಂತ ಕ್ಯೂ ಶೀಟ್ ಬರೆದಿಡುತ್ತೇನೆ, ನಿದ್ದೆಗಣ್ಣಲ್ಲಾದರೂ ಸರಿ. ಮೊದಲ ಧಾರಾವಾಹಿಯದ್ದು ಏನೂ ಬರೆದಿಟ್ಟಿರಲಿಲ್ಲ. ಅದರ ಶೀರ್ಷಿಕೆ ಗೀತೆ ಇವತ್ತಿಗೂ ಊರಲ್ಲಿ ಯಾರದೋ ಫೋನಿನ ರಿಂಗ್‌ಟೋನ್, ನಾನೇ ಮಾಡಿದ್ದು ಅನ್ನೋಕೆ ನನ್ನ ಹತ್ತಿರ ಒಂದು ಚೀಟಿಯೂ ಇಲ್ಲ.